ಕುರ್ಚಿಯಲ್ಲಿ ಕೂತವರನ್ನು ಮೊಬೈಲಿನಲ್ಲೇ ಮಾಯ ಮಾಡಿ

ಪ್ಯಾರಿಸ್ಸಿನ ಜಾರ್ಜ್ ಮೆಲಿಯೆಸ್ ಮೂಲತಃ ಜಾದೂಗಾರ. 1896ರಲ್ಲಿ ಒಂದು ಪುಟ್ಟ ಮೂಕಿಚಿತ್ರ ತೆಗೆದರು. ನೆಲಕ್ಕೆ ಪೇಪರ್ ಹಾಸಿ, ಮೇಲೆ ಕುರ್ಚಿ ಇಟ್ಟು, ಹೆಂಗಸೊಬ್ಬರನ್ನು ಕೂರಿಸಿ ಬಟ್ಟೆ ಹೊದಿಸುತ್ತಾರೆ. ಬಟ್ಟೆ ತೆಗೆದರೆ ಕುರ್ಚಿ ಖಾಲಿ! ಆಮೇಲೆ ಅಲ್ಲಿ ಅಸ್ಥಿಪಂಜರ ಬಂದು ಕೂತಿರುತ್ತದೆ. ಪೇಪರ್ ಹಾಸಿದ್ದು ನೆಲದಲ್ಲಿ ಕಳ್ಳಬಾಗಿಲಿಲ್ಲ ಎಂದು ತೋರಿಸೋಕೆ. ಅವರಿಗೆ ಕಳ್ಳಬಾಗಿಲು ಬೇಕೂ ಇರಲಿಲ್ಲ, ಕ್ಯಾಮೆರಾ ಇತ್ತಲ್ಲ. ಅದನ್ನು ನಿಲ್ಲಿಸಿ, ಹೆಂಗಸು ಎದ್ದು ಹೋದ ಮೇಲೆ ಮತ್ತೆ ಶುರು ಮಾಡಿದರೆ ಆಯಿತು.

ಇದನ್ನು ಮನೆಯಲ್ಲೇ ಮಾಡಬಹುದು. ಮೊದಲು ಮೊಬೈಲನ್ನು ಟ್ರೈಪಾಡಿಗೆ ಬಿಗಿಯಿರಿ. ಟ್ರೈಪಾಡ್ ಇಲ್ಲವೇ? ಪುಸ್ತಕಗಳ ಮಧ್ಯೆ ಅಲುಗಾಡದಂತೆ ಸಿಕ್ಕಿಸಿ. ಫ್ಯಾನ್ ಆರಿಸಿ, ಕಿಟಕಿ ಪರದೆ ಎಳೆಯಿರಿ. ಮೋಡ ಬಂದು ಹೋದರೆ ಗೋಡೆಯ ಬಣ್ಣವೇ ಬದಲಾಗುತ್ತದೆ.

ಈಗ ಮುಖ್ಯವಾದ್ದು. ಮೊಬೈಲಿನ ಪರದೆಯ ಮೇಲೆ ಕುರ್ಚಿ ಕಾಣುವ ಜಾಗವನ್ನು ಒತ್ತಿ ಹಿಡಿಯಿರಿ. ಬಹಳಷ್ಟು ಫೋನುಗಳಲ್ಲಿ ಫೋಕಸ್ಸೂ ಬೆಳಕೂ ಲಾಕ್ ಆಗುತ್ತವೆ. ಇಲ್ಲದಿದ್ದರೆ ಕೂತವರು ಎದ್ದ ಕೂಡಲೇ ಫೋನ್ ತಾನೇ ಬೆಳಕು ಹೊಂದಿಸಿಕೊಳ್ಳುತ್ತದೆ, ಗುಟ್ಟು ಬಯಲು.

ರೆಕಾರ್ಡಿಂಗ್ ಶುರು ಮಾಡಿ, ನಡುವೆ ನಿಲ್ಲಿಸಬೇಡಿ. ಬಟನ್ ಮುಟ್ಟಿದರೆ ಫ್ರೇಮ್, ಅಂದರೆ ದೃಶ್ಯದ ಚೌಕಟ್ಟು, ಜರುಗುತ್ತದೆ. ಬಟ್ಟೆಯನ್ನು ಹೊದಿಸುವ ಬದಲು ಕುರ್ಚಿಯ ಮುಂದೆ ಎರಡೂ ಕೈಯಲ್ಲಿ ಅಡ್ಡ ಹಿಡಿಯಿರಿ. ಹೊದಿಸಿದರೆ ಕೂತವರು ಎದ್ದಾಗ ಬಟ್ಟೆ ಕುಸಿಯುತ್ತದೆ, ಅಲ್ವಾ? ಬಟ್ಟೆ ಹಿಡಿದವರು ಹಾಗೇ ಕಲ್ಲಾಗಿ ನಿಲ್ಲಲಿ. ಕಾಲಿನ ಸುತ್ತ ಸೀಮೆಸುಣ್ಣದ ಗೀಟು ಬೇಕಿದ್ದರೆ ಎಳೆಯಿರಿ, ಆದರೆ ಫ್ರೇಮಿನಲ್ಲಿ ಕಾಣಬಾರದು. ಕೂತವರು ಮೆಲ್ಲಗೆ ಜಾರಿಕೊಂಡ ಮೇಲೆ ಬಟ್ಟೆಯನ್ನು ರಪ್ಪನೆ ಕೆಳಗಿಳಿಸಿ.

ಉಳಿದದ್ದು ಎಡಿಟಿಂಗ್. ಜಾರಿಕೊಂಡ ಭಾಗವನ್ನೆಲ್ಲ ಕತ್ತರಿಸಿ. ವಿಡಿಯೊದ ಎರಡನೇ ತುಂಡು, ಬಟ್ಟೆ ಇಳಿಯಲು ಶುರುವಾಗುವ ಫ್ರೇಮಿನಿಂದಲೇ ಆರಂಭವಾಗಲಿ (ಇಲ್ಲಿ ಫ್ರೇಮ್ ಅಂದರೆ ವಿಡಿಯೊದ ಒಂದು ಬಿಡಿಚಿತ್ರ). ಚಲನೆಯ ಗಡಿಬಿಡಿಯಲ್ಲಿ ಸಣ್ಣಪುಟ್ಟ ಎಗರಾಟ ಕಣ್ಣಿಗೆ ಬೀಳುವುದಿಲ್ಲ. ಮೊದಲ ತುಂಡಿನ ಕೊನೆಯಲ್ಲಿ ಕೈ ಒಂದಿಂಚು ಮೇಲಿದ್ದರೆ ಒಂದೊಂದೇ ಫ್ರೇಮ್ ಹಿಂದೆ ಹೋಗಿ ಹೊಂದಿಸಿ. ಮೆಲಿಯೆಸ್ ಕೂಡ ಕ್ಯಾಮೆರಾ ನಿಲ್ಲಿಸಿ ಸುಮ್ಮನಾಗುತ್ತಿರಲಿಲ್ಲ. ಫಿಲ್ಮ್ ಕತ್ತರಿಸಿ, ತುದಿಗೆ ತುದಿ ಹೊಂದಿಸಿ ಅಂಟಿಸುತ್ತಿದ್ದರು. ನನ್ನ ಪ್ರಕಾರ ಅವರ ನಿಜವಾದ ಕೈಚಳಕ ಇದೇ.

ಕತ್ತರಿಸಿದ ಜಾಗದಲ್ಲಿ ಶಬ್ದವೂ ತುಂಡಾಗುತ್ತದೆ. ಮೂಲ ಸದ್ದು ತೆಗೆದು ತಬಲಾ ಹಾಕಿ. ಆ್ಯಪಿನ ಮಿಂಚು, ಹೊಗೆ ಎಫೆಕ್ಟು ಮಾತ್ರ ದಯವಿಟ್ಟು ಬೇಡ. ಇಲ್ಲೇನೋ ಮುಚ್ಚಿದ್ದಾರೆ ಎಂದು ನೀವೇ ಹೇಳಿದ ಹಾಗಾಗುತ್ತದೆ.

ಪ್ರತ್ಯಕ್ಷ ಮಾಡಬೇಕಾದರೆ ಮೊದಲು ಖಾಲಿ ಕುರ್ಚಿ ತೋರಿಸಿ, ಬಟ್ಟೆಯ ಹಿಂದೆ ಜನ ಬಂದು ಕೂರಲಿ. ಮನೆಯಲ್ಲಿ ಬೆಕ್ಕಿದ್ದರೆ ಕುರ್ಚಿಯಲ್ಲಿ ಕೂತ ಅಜ್ಜಿಯ ಜಾಗದಲ್ಲಿ ಅದನ್ನೂ ಕೂರಿಸಬಹುದು, ಅದು ಒಪ್ಪಿದರೆ.