ಐದು ವರ್ಷ ತುಂಬುವ ಮುನ್ನ ಪಿಎಫ್ ತೆಗೆದರೆ ಎಷ್ಟು ತೆರಿಗೆ?

ಕೆಲಸ ಬಿಟ್ಟ ಕೂಡಲೇ ಪಿಎಫ್ ಕ್ಲೇಮ್ ಹಾಕುವ ಮುನ್ನ ಪಿಎಫ್ ಸಂಸ್ಥೆಯ ಪೋರ್ಟಲ್‌ನಲ್ಲಿ ನಿಮ್ಮ ಸರ್ವಿಸ್ ಹಿಸ್ಟರಿ ನೋಡಿ ವರ್ಷ ಎಣಿಸಿ. ಸತತ ಐದು ವರ್ಷ ಆಗಿದ್ದರೆ ಕೈಗೆ ಬರುವ ಮೊತ್ತಕ್ಕೆ ತೆರಿಗೆಯಿಲ್ಲ. ಅದು ಒಂದೇ ಕಂಪನಿಯಲ್ಲಿ ಆಗಬೇಕೆಂದೇನೂ ಇಲ್ಲ. ಹಳೇ ಕಂಪನಿಯ ಹಣವನ್ನು ಹೊಸ ಖಾತೆಗೆ ವರ್ಗಾಯಿಸಿಕೊಂಡಿದ್ದರೆ ಎರಡೂ ಕಡೆಯ ಸೇವೆ ಸೇರುತ್ತದೆ.

ಪೀಣ್ಯದ ಕಾರ್ಖಾನೆಯಲ್ಲಿ ಮೂರು ವರ್ಷ ದುಡಿದವರ ಖಾತೆಯಲ್ಲಿ 2,40,000 ರೂಪಾಯಿ ಇದೆ ಎನ್ನಿ. ಈಗಲೇ ತೆಗೆದರೆ 10% ಟಿಡಿಎಸ್ (ಹಣ ಕೊಡುವಾಗಲೇ ಮುರಿದುಕೊಳ್ಳುವ ತೆರಿಗೆ), ಅಂದರೆ 24,000 ಕಡಿತ. ಪ್ಯಾನ್ ಜೋಡಿಸಿಲ್ಲದಿದ್ದರೆ 20%, 48,000. ಅದನ್ನೇ ವರ್ಗಾಯಿಸಿ ಮುಂದಿನ ಕೆಲಸದಲ್ಲಿ ಇನ್ನೆರಡು ವರ್ಷ ಪೂರೈಸಿ ತೆಗೆದರೆ ಒಂದು ಪೈಸೆಯೂ ಹೋಗದು.

ಟಿಡಿಎಸ್ ಕಟ್ಟಾದ ಮೇಲೆ ತೆರಿಗೆ ಮುಗಿಯಿತು ಎಂದುಕೊಂಡೇ ಬಹಳ ಜನ ನೋಟಿಸ್ ತರಿಸಿಕೊಳ್ಳುತ್ತಾರೆ. ಮುಗಿದಿರುವುದಿಲ್ಲ. ಮಾಲೀಕರ ವಂತಿಗೆ ಮತ್ತು ಅದರ ಬಡ್ಡಿಯನ್ನು ಸಂಬಳದ ಆದಾಯವೆಂದು, ನಿಮ್ಮ ವಂತಿಗೆಯ ಬಡ್ಡಿಯನ್ನು ಇತರೆ ಆದಾಯವೆಂದು ರಿಟರ್ನ್‌ನಲ್ಲಿ ತೋರಿಸಬೇಕು. ನಿಮ್ಮದೇ ವಂತಿಗೆಗೆ ಹಿಂದೆ ಉಳಿತಾಯಕ್ಕೆ ಸಿಗುವ 80ಸಿ ತೆರಿಗೆ ವಿನಾಯಿತಿ ಪಡೆದಿದ್ದರೆ ಅಷ್ಟು ಭಾಗವೂ ತೆರಿಗೆಗೆ ಒಳಪಡುತ್ತದೆ, ಪಡೆದಿಲ್ಲದಿದ್ದರೆ ಇಲ್ಲ. 30% ಸ್ಲ್ಯಾಬ್‌ನವರು ಉಳಿದದ್ದನ್ನು ಕಟ್ಟಬೇಕು, ಆದಾಯ ಕಡಿಮೆ ಇರುವವರಿಗೆ ರೀಫಂಡ್ ಬರುತ್ತದೆ. 50,000ಕ್ಕಿಂತ ಕಡಿಮೆ ಮೊತ್ತಕ್ಕೆ ಟಿಡಿಎಸ್ ಇಲ್ಲ, ಹಾಗೆಂದು ತೆರಿಗೆಯೇ ಇಲ್ಲವೆಂದಲ್ಲ. ಅನಾರೋಗ್ಯದಿಂದ ಕೆಲಸ ಹೋಗಿದ್ದರೆ ಅಥವಾ ಕಂಪನಿಯೇ ಮುಚ್ಚಿದ್ದರೆ ಐದು ವರ್ಷದ ಷರತ್ತು ಅನ್ವಯಿಸದು. ದಾಖಲೆ ಮಾತ್ರ ಜೋಪಾನವಾಗಿಡಿ.

ವರ್ಗಾವಣೆಗೆ ಅದೇ ಯುಎಎನ್ (ನಿಮ್ಮ ಪಿಎಫ್‌ನ ಖಾಯಂ ಸಂಖ್ಯೆ) ಪೋರ್ಟಲ್‌ನ ಆನ್‌ಲೈನ್ ಸರ್ವಿಸಸ್‌ನಲ್ಲಿ 'ಒನ್ ಮೆಂಬರ್ ಒನ್ ಇಪಿಎಫ್ ಅಕೌಂಟ್' ಒತ್ತಿ. ಇಲ್ಲಿ ಸಿಕ್ಕಿಹಾಕಿಕೊಳ್ಳುವುದು ಎರಡು ಕಡೆ. ಒಂದು, ಹಳೇ ಕಂಪನಿ ಕೆಲಸ ಬಿಟ್ಟ ದಿನಾಂಕ ನಮೂದಿಸಿರುವುದಿಲ್ಲ. ಕೊನೆಯ ವಂತಿಗೆ ಜಮೆಯಾಗಿ ಎರಡು ತಿಂಗಳಾದ ಮೇಲೆ 'ಮಾರ್ಕ್ ಎಕ್ಸಿಟ್'ನಲ್ಲಿ ಅದನ್ನು ನೀವೇ ಹಾಕಬಹುದು. ಇನ್ನೊಂದು, ನಮ್ಮವರ ಇನಿಷಿಯಲ್ ಗೋಜಲು: ಆಧಾರ್‌ನಲ್ಲಿ 'ಮಂಜುನಾಥ ಎಚ್', ಪಿಎಫ್‌ನಲ್ಲಿ 'ಎಚ್ ಎಂ ಮಂಜುನಾಥ್' ಎಂದಿದ್ದರೆ ಕ್ಲೇಮ್ ತಿರಸ್ಕೃತವಾಗುತ್ತದೆ. ಹೆಸರು ಸರಿಪಡಿಸಿಕೊಂಡೇ ಮುಂದುವರಿಯಿರಿ.

ನಿವೃತ್ತಿಯ ನಂತರವೂ ಹಣ ಅಲ್ಲೇ ಇಟ್ಟವರು ಇದನ್ನು ಗಮನಿಸಿ: ಕೆಲಸ ಬಿಟ್ಟ ದಿನದವರೆಗಿನ ಮೊತ್ತಕ್ಕಷ್ಟೇ ಐದು ವರ್ಷದ ವಿನಾಯಿತಿ. ಆಮೇಲೆ ಬೆಳೆದ ಬಡ್ಡಿಗೆ ತೆರಿಗೆಯಿದೆ ಎಂದು ಆದಾಯ ತೆರಿಗೆ ಮೇಲ್ಮನವಿ ನ್ಯಾಯಮಂಡಳಿಯ ಬೆಂಗಳೂರು ಪೀಠ 2017ರಲ್ಲೇ ಹೇಳಿದೆ.