ಫಿಲ್ಮ್ ಅಂಚಿನಲ್ಲಿ ಸದ್ದು ಬರೆಯೋಣ

ಮೈಕ್ ಬೇಡ, ರೆಕಾರ್ಡರ್ ಬೇಡ. ಮಸಿ, ಸಣ್ಣ ನಿಬ್ಬು, 16 ಎಂಎಂ ಫಿಲ್ಮ್, ಸೌಂಡ್ ಬರುವ ಹಳೇ ಪ್ರೊಜೆಕ್ಟರ್ ಸಾಕು. ನನ್ನದು ಶಾಲೆಯೊಂದು ಗುಜರಿಗೆ ಹಾಕಿದ್ದು. ಆ್ಯನಿಮೇಷನ್ ಚಿತ್ರಗಳ ನಾರ್ಮನ್ ಮೆಕ್ಲಾರೆನ್ 1940ರ ‘ಡಾಟ್ಸ್’ ಎಂಬ ಕಿರುಚಿತ್ರದಲ್ಲಿ ಚಿತ್ರವನ್ನೂ ಸದ್ದನ್ನೂ ಫಿಲ್ಮ್ ಮೇಲೆ ಪೆನ್ನಿನಿಂದಲೇ ಬರೆದಿದ್ದರು.

ಖಾಲಿ ಫಿಲ್ಮ್ ಸಿಗದಿದ್ದರೆ ಬಿಸಾಡಿದ ಪ್ರಿಂಟನ್ನು ಬ್ಲೀಚ್‌ನಲ್ಲಿ ನೆನೆಸಿ ತೊಳೆಯಿರಿ. ಚಿತ್ರ ಕರಗಿಹೋಗುತ್ತದೆ. ಕೈಗವಸು ಇರಲಿ, ಕಿಟಕಿ ತೆರೆದಿಡಿ. ಆದರೆ ಮೊದಲು ಅದು ಯಾವ ಫಿಲ್ಮ್ ಅಂತ ನೋಡಿ. ಯಾವುದೋ ಸಾಕ್ಷ್ಯಚಿತ್ರದ ಉಳಿದ ಒಂದೇ ಪ್ರತಿಯಾಗಿದ್ದರೆ ಮುಟ್ಟಬೇಡಿ.

ತೂತು ಒಂದೇ ಬದಿಗಿರುವ ಫಿಲ್ಮ್ ಬೇಕು. ತೂತಿಲ್ಲದ ಅಂಚೇ ಸದ್ದಿನ ಜಾಗ. ಪ್ರೊಜೆಕ್ಟರಿನ ಪುಟ್ಟ ದೀಪವೊಂದು ಆ ಅಂಚಿನ ಮೂಲಕ ಬೆಳಕು ಹಾಯಿಸುತ್ತದೆ. ಆಚೆಗಿರುವ ಫೋಟೋಸೆಲ್ ಬೆಳಕಿನ ಏರಿಳಿತವನ್ನು ಕರೆಂಟ್ ಮಾಡಿ ಸ್ಪೀಕರಿಗೆ ಕಳಿಸುತ್ತದೆ. ಒಂದು ಫ್ರೇಮಿನ ಉದ್ದಕ್ಕೆ, ಅಂದರೆ ಸುಮಾರು ಏಳೂವರೆ ಮಿಲಿಮೀಟರಿನಲ್ಲಿ, ಸಮ ಅಂತರದ 10 ಅಡ್ಡಗೆರೆ ಎಳೆಯಿರಿ. ಸೆಕೆಂಡಿಗೆ 24 ಫ್ರೇಮ್ ಅಲ್ವಾ, 240 ಹರ್ಟ್ಸ್ ಕೇಳಿಸುತ್ತದೆ. 20 ಎಳೆದರೆ ಅದೇ ಸ್ವರ ಮೇಲಿನ ಸ್ಥಾಯಿಯಲ್ಲಿ. ಗೆರೆ ಗಿಡ್ಡವಾದರೆ ಸದ್ದೂ ಸಣ್ಣದು.

ಮಾರ್ಕರ್ ನಂಬಬೇಡಿ. ಹಳೇ ಪ್ರೊಜೆಕ್ಟರಿನ ಸೆಲ್ ಇನ್‌ಫ್ರಾರೆಡ್ ಬೆಳಕನ್ನೇ ಜಾಸ್ತಿ ಹಿಡಿಯುತ್ತದೆ. ಹಲವು ಮಾರ್ಕರ್‌ಗಳ ಬಣ್ಣ ಅದನ್ನು ತಡೆಯುವುದಿಲ್ಲ. ಇಂಗಾಲದ ಕಪ್ಪು ಇರುವ ಇಂಡಿಯನ್ ಇಂಕ್ ತಗೊಳ್ಳಿ.

ಈಗ ನನಗಿಷ್ಟದ ಭಾಗ. ಗೆರೆಯನ್ನು ಅಂಚಿನಲ್ಲೇ ನಿಲ್ಲಿಸದೆ ಚಿತ್ರದ ಜಾಗಕ್ಕೂ ಎಳೆಯಿರಿ. ಅದೇ ಗೆರೆ ಕಾಣುತ್ತದೆ, ಕೇಳಿಸುತ್ತದೆ, ಆದರೆ ಒಟ್ಟಿಗೆ ಅಲ್ಲ. ಗೇಟು, ಅಂದರೆ ಚಿತ್ರಕ್ಕೆ ಬೆಳಕು ಬೀಳುವ ಕಿಂಡಿ, ದಾಟಿ 26 ಫ್ರೇಮ್ ಆದಮೇಲೆ ಸದ್ದು ಓದುವ ಜಾಗ ಬರುತ್ತದೆ. ಹಾಗಾಗಿ ಕಂಡದ್ದು ಒಂದು ಸೆಕೆಂಡು ಚಿಲ್ಲರೆ ತಡವಾಗಿ ಕೇಳುತ್ತದೆ. ಎರಡೂ ಒಟ್ಟಿಗೆ ಬೇಕಿದ್ದರೆ ಸದ್ದನ್ನು ಫಿಲ್ಮಿನ ಶುರುವಿನ ಕಡೆಗೆ 26 ಫ್ರೇಮ್ ಸರಿಸಿ ಬರೆಯಬಹುದು. 1971ರ ‘ಸಿಂಕ್ರೊಮಿ’ಯಲ್ಲಿ ಮೆಕ್ಲಾರೆನ್ ಸೌಂಡ್‌ಟ್ರ್ಯಾಕಿನ ಪಟ್ಟೆಗಳಿಗೇ ಬಣ್ಣ ಕೊಟ್ಟು, ಸದ್ದಿಗೆ ಪಕ್ಕಾ ಹೊಂದಿಸಿ ಪರದೆಗೆ ತಂದರು. ಅಷ್ಟು ತಾಳ್ಮೆ ನನಗಿಲ್ಲ, ಆಸೆಯೂ ಇಲ್ಲ. ನಾನು ಹಾಗೇ ಬಿಡುತ್ತೇನೆ. ಪರದೆ ಖಾಲಿಯಾದ ಮೇಲೂ ಗುರ್ ಅನ್ನುತ್ತಿದ್ದರೆ, ಇದು ಯಾವ ಗೆರೆಯದು ಅಂತ ಕಿವಿ ನಿಮಿರುತ್ತದೆ.

ಮಸಿ ಪೂರ್ತಿ ಒಣಗಲಿ, ಇಲ್ಲದಿದ್ದರೆ ಗೇಟಿಗೆ ಮೆತ್ತುತ್ತದೆ. ಆರು ಅಡಿ ಬರೆದರೆ 240 ಫ್ರೇಮ್, 10 ಸೆಕೆಂಡು. ಎರಡು ತುದಿ ಸ್ಪ್ಲೈಸಿಂಗ್ ಟೇಪಿನಿಂದ ಅಂಟಿಸಿ ಲೂಪ್ ಮಾಡಿ. ವಾಲ್ಯೂಮ್ ಮೊದಲು ಕಮ್ಮಿ ಇಡಿ. ಅಂಟಿಸಿದಲ್ಲಿ ಪ್ರತಿ ಸುತ್ತೂ ‘ಟಪ್’ ಅನ್ನುತ್ತದೆ. ಬೇಡವೆನಿಸಿದರೆ ಆ ಜೋಡಣೆಯ ಮೇಲೆ, ಅಂಚಿನಲ್ಲಿ, ಪುಟ್ಟ ಕಪ್ಪು ತ್ರಿಕೋನ ಬರೆಯಿರಿ. ಹಳೇ ಸೌಂಡ್ ಎಡಿಟರುಗಳು ಮಾಡುತ್ತಿದ್ದುದೂ ಅದನ್ನೇ.