ಮೂಕಿ ಹಾಸ್ಯಚಿತ್ರ ತೋರಿಸುವ ಮುಂಚೆ ವೇಗ ನೋಡಿಕೊಳ್ಳಿ

ಮೂಕಿ ಕಾಲದ ಹಾಸ್ಯನಟರಾದ ಚಾಪ್ಲಿನ್, ಬಸ್ಟರ್ ಕೀಟನ್ ಅವರ ಎರಡು ರೀಲಿನ ಕಿರುಚಿತ್ರಗಳನ್ನು ಮಕ್ಕಳಿಗೋ ಗೆಳೆಯರಿಗೋ ತೋರಿಸುವವರು ದಯವಿಟ್ಟು ಗಮನಿಸಿ. ಆಗ ಕ್ಯಾಮೆರಾದ ಹಿಡಿಯನ್ನು ಕೈಯಲ್ಲೇ ತಿರುಗಿಸುತ್ತಿದ್ದರು. ಸೆಕೆಂಡಿಗೆ 16ರಿಂದ 20 ಫ್ರೇಮ್ (ಬಿಡಿ ಚಿತ್ರ) ಸಾಮಾನ್ಯ. ಅದನ್ನೇ ಈಗಿನ ರೂಢಿಯ 24ರಲ್ಲಿ ಓಡಿಸಿದರೆ ಸುಮ್ಮನೆ ನಡೆಯುವವರೂ ಕುಪ್ಪಳಿಸುತ್ತಾರೆ. 1000 ಅಡಿಯ 35 ಎಂಎಂ ರೀಲು 16 ಫ್ರೇಮಿನಲ್ಲಿ 16 ನಿಮಿಷ 40 ಸೆಕೆಂಡು ಓಡುತ್ತದೆ, 24ರಲ್ಲಿ ಬರೀ 11 ನಿಮಿಷ ಚಿಲ್ಲರೆ!

ವಿಎಲ್‌ಸಿ ವಿಡಿಯೋ ಪ್ಲೇಯರಿನಲ್ಲಿ ತೆರೆದು ‘ಇ’ (E) ಕೀ ಒತ್ತುತ್ತಾ ಒಂದೊಂದೇ ಫ್ರೇಮ್ ನೋಡಿ. ಪ್ರತಿ ಮೂರನೆಯದೋ ಐದನೆಯದೋ ಫ್ರೇಮ್ ಎರಡು ಸಲ ಬರುತ್ತಿದ್ದರೆ ವೇಗ ಆಗಲೇ ಸರಿಪಡಿಸಿದ ಪ್ರತಿ ಅದು, ಮುಟ್ಟಬೇಡಿ. ಎಲ್ಲ ಫ್ರೇಮೂ ಬೇರೆ ಬೇರೆ ಇದ್ದು ಓಟ ಅತಿಯಾಗಿದ್ದರೆ ಪ್ಲೇಯರಿನ ವೇಗವನ್ನು 0.8ಕ್ಕೆ ಇಳಿಸಿ. 24ರ ಫೈಲಾದರೆ ಸುಮಾರು 19 ಫ್ರೇಮ್ ಆಗುತ್ತದೆ.

ವೇಗದ ಅಳತೆಗೆ ಬೆನ್ನಟ್ಟುವ ದೃಶ್ಯ ಬೇಡ. ಅಂಥವನ್ನು ಬೇಕೆಂದೇ ನಿಧಾನ ತಿರುಗಿಸಿ, ತೆರೆಯ ಮೇಲೆ ಜೋರಾಗಿ ಓಡುವಂತೆ ತೆಗೆಯುತ್ತಿದ್ದರು. ಯಾರಾದರೂ ಕೂರುವುದು, ಟೋಪಿ ತೆಗೆಯುವುದು, ಬಟ್ಟೆಯ ಅಂಚು ಅಲ್ಲಾಡುವುದು ನೋಡಿ. ತೀರಾ ಇಳಿಸಿದರೂ ಕೆಡುತ್ತದೆ. ಕೀಟನ್‌ನ 1920ರ ‘ಒನ್ ವೀಕ್’ ಕೊನೆಯಲ್ಲಿ ಒಂದು ರೈಲು ಮನೆಯನ್ನು ತಪ್ಪಿಸಿಕೊಂಡು ಹೋಗುತ್ತದೆ, ಉಸಿರು ಬಿಡುವಷ್ಟರಲ್ಲಿ ಎದುರಿನಿಂದ ಇನ್ನೊಂದು ಬಂದು ಪುಡಿ ಮಾಡುತ್ತದೆ. ಆ ನಡುವಿನ ಬಿಡುವು ಎಳೆದರೆ ನಗು ಸತ್ತಂತೆ.

ವೇಗ ಇಳಿಸಿದಾಗ ಸಂಗೀತ ಜಗ್ಗುತ್ತದೆ, ಮ್ಯೂಟ್ ಮಾಡಿ ಬೇರೆ ಪಿಯಾನೋ ಹಾಕಿ. ಚಿತ್ರ 4:3ರಲ್ಲೇ ಇರಲಿ. ಅಗಲಕ್ಕೆ ಹಿಗ್ಗಿಸಬೇಡಿ.